ಹಾಲಮ್ಮನಿಗೆ ಉಳಿದಿದ್ದ ಒಂದೇ ಮಾತು

ಕೋವಿಡ್ ಕಳೆದ ಮರುವರ್ಷ. ನಾನು ಆಗ ದಾವಣಗೆರೆಯಲ್ಲಿದ್ದುಕೊಂಡು ಸುತ್ತಲಿನ ತಾಲ್ಲೂಕುಗಳಿಗೆ ಹೋಗಿಬರುವ ಸ್ಪೀಚ್ ಥೆರಪಿಸ್ಟ್ ಆಗಿದ್ದೆ. ಸೋಮವಾರ ಚನ್ನಗಿರಿ, ಬುಧವಾರ ಹೊನ್ನಾಳಿ, ಗುರುವಾರ ನ್ಯಾಮತಿ, ಶನಿವಾರ ಜಗಳೂರು. ತೊದಲುವ ಮಕ್ಕಳು, ಕಿವಿ ಕೇಳದ ಮಕ್ಕಳು, ಲಕ್ವ ಹೊಡೆದು ಮಾತು ಕಳೆದುಕೊಂಡ ಹಿರಿಯರು ನನ್ನ ಬಳಿ ಬರುತ್ತಿದ್ದರು. ನಿವೃತ್ತಿ ಹತ್ತಿರದಲ್ಲಿತ್ತು. ಇನ್ನು ಹೊಸದಾಗಿ ಕಲಿಯುವುದು ಹೆಚ್ಚೇನೂ ಉಳಿದಿಲ್ಲ ಎಂಬ ನೆಮ್ಮದಿಯಲ್ಲೇ ಬಸ್ಸು ಹತ್ತುತ್ತಿದ್ದ ದಿನಗಳವು.

ಒಂದು ಗುರುವಾರ ನ್ಯಾಮತಿಯ ಚಿಕಿತ್ಸಾ ಕೇಂದ್ರಕ್ಕೆ ನೇತ್ರಾ ಎಂಬ ಹೆಣ್ಣುಮಗಳು ತನ್ನ ತಾಯಿಯನ್ನು ಆಟೊದಲ್ಲಿ ಕರೆತಂದಳು. ತಾಯಿಯ ಹೆಸರು ಹಾಲಮ್ಮ, ವಯಸ್ಸು ಅರವತ್ತು ದಾಟಿತ್ತು. ಹೊನ್ನಾಳಿ ಮತ್ತು ನ್ಯಾಮತಿಯ ನಡುವಿನ ಒಂದು ಹಳ್ಳಿಯವರು. ಬೇರೆಯವರ ಗದ್ದೆಯಲ್ಲಿ ನಾಟಿ, ಕಳೆ, ಕೊಯ್ಲು ಮಾಡಿಕೊಂಡು ಒಬ್ಬಳೇ ಮಗಳನ್ನು ಬೆಳೆಸಿದವರು. ಮಳೆಗಾಲದಲ್ಲಿ ಲಕ್ವ ಹೊಡೆದು ಬಲಗೈ, ಬಲಗಾಲಿನ ಬಲ ಹೋಗಿತ್ತು. ಕಾಲು ಸ್ವಲ್ಪ ಸುಧಾರಿಸಿ ಗೋಡೆ ಹಿಡಿದು ನಡೆಯುತ್ತಿದ್ದರು. ಮಾತು ಮಾತ್ರ ಮರಳಿರಲಿಲ್ಲ.

"ಮೇಡಂ, ನಮ್ಮವ್ವಗೆ ಒಂದೇ ಮಾತು ಬರ್ತೈತ್ರಿ," ಎಂದಳು ನೇತ್ರಾ. "ನೀರು ಬೇಕಂದ್ರೂ ಅದೇ, ಸಿಟ್ಟು ಬಂದ್ರೂ ಅದೇ. ಕಟ್ಟೋನು, ಕಟ್ಟೋನು."

ತಮ್ಮ ಬಗ್ಗೆಯೇ ಮಾತಾಡುತ್ತಿದ್ದಾರೆ ಎಂದು ತಿಳಿದು ಹಾಲಮ್ಮ ತಲೆ ಎತ್ತಿದರು. "ಕಟ್ಟೋನು," ಎಂದರು, ನಮಸ್ಕಾರ ಹೇಳುವ ಧಾಟಿಯಲ್ಲಿ.

ಇದನ್ನು ನಮ್ಮ ವೃತ್ತಿಯಲ್ಲಿ ಅಫೇಸಿಯಾ ಎನ್ನುತ್ತಾರೆ. ಮಿದುಳಿನ ಎಡಭಾಗಕ್ಕೆ ಪೆಟ್ಟು ಬಿದ್ದಾಗ ಮಾತು ಕಟ್ಟುವ ಶಕ್ತಿ ಹೋಗುತ್ತದೆ. ಬುದ್ಧಿ ಹೋಗಿರುವುದಿಲ್ಲ. ಎದುರಿನವರು ಹೇಳಿದ್ದು ಬಹಳಷ್ಟು ತಿಳಿಯುತ್ತದೆ, ಮರುಮಾತು ಮಾತ್ರ ಬಾಯಿಗೆ ಬರುವುದಿಲ್ಲ. ಕೆಲವರಲ್ಲಿ ಯಾವುದೋ ಒಂದು ಪದ ಉಳಿದುಕೊಂಡು ಎಲ್ಲದಕ್ಕೂ ಅದೇ ಹೊರಬರುತ್ತದೆ. ಅಂಥ ಪದಕ್ಕೆ ಅರ್ಥ ಹುಡುಕಲು ಹೋಗಬೇಡಿ, ಅದು ಬಾಯಿಗೆ ರೂಢಿಯಾದ ಸದ್ದು ಅಷ್ಟೇ ಎಂದು ನಮಗೆ ಪಾಠ ಹೇಳಿದ್ದರು. ನಾನೂ ಮನೆಯವರಿಗೆ ಹಾಗೆಯೇ ಹೇಳಿಕೊಂಡು ಬಂದಿದ್ದೆ.

ಆದರೆ ಹಾಲಮ್ಮನ ಮನೆಯವರು ಅಷ್ಟರಲ್ಲೇ ಅರ್ಥ ಹುಡುಕಲು ಹೊರಟಾಗಿತ್ತು. ಕನ್ನಡದಲ್ಲಿ ಕಟ್ಟುವವರಿಗೇನು ಕಡಿಮೆಯೇ? ಮನೆ ಕಟ್ಟುವವನೂ ಕಟ್ಟೋನೇ, ಹೂ ಕಟ್ಟುವವನೂ ಕಟ್ಟೋನೇ, ವೇಷ ಕಟ್ಟುವವನೂ ಪದ ಕಟ್ಟುವವನೂ ಕಟ್ಟೋನೇ. ಹಿತ್ತಲ ಕೋಣೆಯ ಗೋಡೆ ಅರ್ಧಕ್ಕೆ ನಿಂತಿತ್ತು, ಅದಕ್ಕೇ ಇರಬೇಕೆಂದು ಗಾರೆ ಕೆಲಸದವರನ್ನು ಕರೆಸಿದರು. ಕೈ ಬಿದ್ದುಹೋಗಿದೆಯಲ್ಲ, ಮೂಳೆ ಕಟ್ಟುವವರನ್ನು ಕೇಳುತ್ತಿದ್ದಾಳೆ ಎಂದು ತ್ಯಾವಣಿಗೆ ಕಡೆಗೆ ಕರೆದುಕೊಂಡು ಹೋದರು. ಅಲ್ಲಿನವರು ಕೈ ನೋಡಿ, ಇದು ಮೂಳೆಯ ಬಾಧೆಯಲ್ಲ, ಆಸ್ಪತ್ರೆಗೇ ತೋರಿಸಿ ಎಂದು ಕಳಿಸಿದ್ದರು. ಯಾರೋ ಹೇಳಿದರೆಂದು ತೋಳಿಗೆ ದಾರವನ್ನೂ ಕಟ್ಟಿಸಿದ್ದಾಯಿತು. ಹಾಲಮ್ಮ ಎಲ್ಲರನ್ನೂ ನೋಡಿ ತಲೆ ಅಲ್ಲಾಡಿಸಿ ಮುಖ ತಿರುಗಿಸಿದ್ದರು.

ಕೊನೆಗೆ ಉಳಿದದ್ದು ಒಂದೇ ಅರ್ಥ. ತಾಯಿ ಹೊರಗೆ ಬೆಂಚಿನ ಮೇಲಿದ್ದಾಗ ನೇತ್ರಾ ಅದನ್ನು ನನ್ನೆದುರು ಹೇಳಿದಳು.

"ಕಟ್ಕಂಡೋನು ಅನ್ನಾಕೆ ಹೋಗಿ ಕಟ್ಟೋನು ಅಂತಾಳೇನೋ ಮೇಡಂ. ತಾಳಿ ಕಟ್ಟಿದೋನು. ನಾನು ಹೊಟ್ಟೇಲಿದ್ದಾಗ್ಲೇ ಬಿಟ್ಟು ಹೋದ. ಆತನ ಮುಖ ಸೈತ ನಾನು ನೋಡಿಲ್ಲ. ಊಟ ಮಾಡ್ಸೋಳು ನಾನು, ಮೈ ತೊಳೆಯೋಳು ನಾನು. ನನ್ನ ಹೆಸರು ಬರಲ್ಲ, ಆತನ್ನ ಕರೀತಾಳೆ."

ನೇತ್ರಾ ಶಾಲೆಯಲ್ಲಿ ಬಿಸಿಯೂಟದ ಅಡುಗೆ ಮಾಡುವವಳು. ಬೆಳಗ್ಗೆ ತಾಯಿಯ ಕೆಲಸ ಮುಗಿಸಿ ಶಾಲೆಗೆ ಓಡಬೇಕು, ಮಧ್ಯಾಹ್ನ ಮತ್ತೆ ಮನೆಗೆ ಬರಬೇಕು. ಆ ದಣಿವಿನ ಮೇಲೆ ಈ ನೋವು. ಪದಕ್ಕೆ ಅರ್ಥವಿರಲೇಬೇಕೆಂದೇನಿಲ್ಲ ಎಂದು ನಾನು ಪಾಠ ಒಪ್ಪಿಸಿದೆ. ಅವಳಿಗೆ ಅದರಿಂದ ಸಮಾಧಾನವಾಗಲಿಲ್ಲ.

ನಾನು ಚಿತ್ರದ ಕಾರ್ಡುಗಳಿಂದ ಅಭ್ಯಾಸ ಆರಂಭಿಸಿದೆ. ನೀರು, ಊಟ, ನೋವು, ಸಾಕು ಎಂಬ ದಿನಬಳಕೆಯ ಮಾತುಗಳನ್ನು ಮೊದಲು ತರಿಸುವುದು ನಮ್ಮ ಕ್ರಮ. ಲೋಟದ ಚಿತ್ರ ತೋರಿಸಿ "ನೀ..." ಎಂದು ಮೊದಲಕ್ಷರ ಕೊಟ್ಟರೆ ಹಾಲಮ್ಮ ತುಟಿ ಸಿದ್ಧಮಾಡಿಕೊಂಡು, ಹಣೆ ಗಂಟಿಕ್ಕಿ, ಕೊನೆಗೆ "ಕಟ್ಟೋನು" ಎನ್ನುತ್ತಿದ್ದರು. ತಪ್ಪಾಯಿತೆಂದು ಅವರಿಗೇ ಗೊತ್ತಾಗುತ್ತಿತ್ತು. ಕೆಲವೊಮ್ಮೆ ನಗುತ್ತಿದ್ದರು, ಕೆಲವೊಮ್ಮೆ ಕಾರ್ಡು ತಳ್ಳುತ್ತಿದ್ದರು. ಸದ್ದು ಒಂದೇ ಆದರೂ ಧಾಟಿ ಬೇರೆ ಬೇರೆ ಇರುವುದನ್ನು ನಾನು ಗಮನಿಸಿದೆ. ಬೇಡ ಎನ್ನುವಾಗ ಗಿಡ್ಡಕ್ಕೆ, ಬೇಕು ಎನ್ನುವಾಗ ಎಳೆದು. ಮತ್ತೊಂದು ಧಾಟಿಯೂ ಇತ್ತು, ಯಾರೂ ಏನೂ ಕೇಳದಿದ್ದಾಗ, ಬಾಗಿಲ ಕಡೆ ನೋಡಿಕೊಂಡು ಆಡುವಂಥದ್ದು. ಅದು ಏನೆಂದು ನನಗೆ ಹಿಡಿಯಲಾಗಲಿಲ್ಲ.

ಭತ್ತದ ಕೊಯ್ಲು ಆರಂಭವಾಗುತ್ತಿದ್ದಂತೆ ಹಾಲಮ್ಮ ಇಳಿದುಹೋದರು. ಅಭ್ಯಾಸಕ್ಕೆ ಬರಲು ಒಪ್ಪಲಿಲ್ಲ. ಎರಡು ತುತ್ತು ತಿಂದು ಬಾಯಿ ಮುಚ್ಚಿಕೊಳ್ಳುತ್ತಿದ್ದರು. ಹೀಗೇ ಆದರೆ ಮೂಗಿನಲ್ಲಿ ನಳಿಗೆ ಹಾಕಬೇಕಾಗುತ್ತದೆ ಎಂದು ಡಾಕ್ಟರು ಹೇಳಿದ್ದಾರೆಂದು ನೇತ್ರಾ ಫೋನಿನಲ್ಲಿ ಅತ್ತಳು. ಆ ಗುರುವಾರ ಕೇಂದ್ರದ ಕೆಲಸ ಮುಗಿಸಿ ನಾನೇ ಅವರ ಮನೆಗೆ ಹೋದೆ.

ಮನೆಯ ಮುಂದೆ ರಸ್ತೆ, ರಸ್ತೆ ದಾಟಿದರೆ ಗದ್ದೆ. ಹಾಲಮ್ಮ ಜಗಲಿಯಲ್ಲಿ ಕಂಬಕ್ಕೆ ಒರಗಿ ಕೂತಿದ್ದರು. ಗದ್ದೆಯಲ್ಲಿ ಕೊಯ್ಯುವ ಮಷಿನ್ ಓಡುತ್ತಿತ್ತು. ಒಂದು ಕಡೆಯಿಂದ ಬೆಳೆ ನುಂಗಿಕೊಂಡು, ಕಾಳು ಬೇರೆ ಮಾಡಿ, ಹುಲ್ಲನ್ನು ಹಿಂದಕ್ಕೆ ಚೆಲ್ಲುತ್ತ ಹೋಗುತ್ತಿತ್ತು. ಹಾಲಮ್ಮ ಅದರ ಹಿಂದಿನ ಬಯಲನ್ನು ನೋಡುತ್ತಿದ್ದರು. "ಕಟ್ಟೋನು?" ಎಂದರು. ಕೇಳಿಸಿಕೊಂಡ ಯಾರಿಗಾದರೂ ಅದು ಪ್ರಶ್ನೆಯೆಂದು ತಿಳಿಯುವಂತಿತ್ತು. ಹಾಗೆ ಕೇಳುತ್ತಲೇ ಅವರ ಎಡಗೈ ಮಡಿಲಲ್ಲಿ ಏನನ್ನೋ ಹೊಸೆಯುತ್ತಿತ್ತು.

ಪಕ್ಕದ ಮನೆಯ ಸಾಕಮ್ಮ ಆಗ ಅಲ್ಲಿಯೇ ಸೊಪ್ಪು ಸೋಸುತ್ತ ಕೂತಿದ್ದರು. ಹಾಲಮ್ಮನ ಜೊತೆ ವರ್ಷಗಟ್ಟಲೆ ಕೊಯ್ಲಿಗೆ ಹೋದವರು. ಆ ಕೈಯನ್ನು ನೋಡಿ, "ಅಯ್ಯೋ, ಸಿವುಡು ಕಟ್ಟೋನ್ನ ಕೇಳ್ತಾಳಲ್ರಿ ಇವಳು," ಎಂದರು.

ಹಾಲಮ್ಮ ಥಟ್ಟನೆ ತಿರುಗಿ ಸಾಕಮ್ಮನ ಮಣಿಕಟ್ಟು ಹಿಡಿದುಕೊಂಡರು.

ಮಷಿನ್ ಬರುವ ಮೊದಲು ಹೆಂಗಸರು ಸಾಲಾಗಿ ಕೊಯ್ದುಕೊಂಡು ಮುಂದೆ ಹೋಗುತ್ತಿದ್ದರು. ಹಿಂದೆ ಗಂಡಸರು ಹುಲ್ಲನ್ನೇ ಹುರಿ ಮಾಡಿ ತೆನೆಗಳನ್ನು ಕಂತೆ ಕಟ್ಟುತ್ತ ಬರುತ್ತಿದ್ದರು. ಆ ಕಂತೆಗೆ ಸಿವುಡು ಎನ್ನುತ್ತಾರೆ. ಜಗಳೂರು ಕಡೆಯ ಒಣಭೂಮಿಯಿಂದ ಪ್ರತಿ ಕೊಯ್ಲಿಗೂ ಒಂದು ಗುಂಪು ಈ ಊರಿಗೆ ಬರುತ್ತಿತ್ತು. ಅದರಲ್ಲಿ ಬಿಳಿಚೋಡು ಕಡೆಯ ತಿಪ್ಪೇಸ್ವಾಮಿ ಎಂಬವನು ಯಾವಾಗಲೂ ಹಾಲಮ್ಮನ ಸಾಲಿನ ಹಿಂದೆಯೇ ಸಿವುಡು ಕಟ್ಟುತ್ತಿದ್ದ. ಸಾಕಮ್ಮ ಇದನ್ನೆಲ್ಲ ಹೇಳುವಾಗ ಮೊದಲು ದನಿ ತಗ್ಗಿಸಿದ್ದರು, ಆಮೇಲೆ ಬಿಟ್ಟರು.

"ಸೀರೆ ಉಡಿಸಿ ಮದುವೆ ಆಗಿ ಕರ್ಕಂಡು ಹೋಗ್ತೀನಿ ಅಂದಿದ್ದ ಮೇಡಂ. ನನ್ನೆದುರಿಗೇ ಕೇಳಿದ. ಮಗಳ ಮದುವೆ ಆಗ್ಲಿ, ಆಮೇಲೆ ನೋಡಾನ ಅಂದ್ಲು ಇವಳು. ಅಷ್ಟೊತ್ತಿಗೆ ಮಷಿನ್ ಬಂತು. ಅವರನ್ನ ಯಾರು ಕರೀತಾರೆ? ಮುಂದಿನ ಸಲ ಬರ್ತಾನೆ, ಮುಂದಿನ ಸಲ ಬರ್ತಾನೆ ಅಂತ ನೋಡಿದ್ಲು. ಆಮೇಲೆ ಆ ಮಾತೇ ಎತ್ತಲಿಲ್ಲ."

ನೇತ್ರಾ ಬಾಗಿಲಲ್ಲಿ ನಿಂತು ಕೇಳಿಸಿಕೊಳ್ಳುತ್ತಿದ್ದಳು. "ಜಗಳೂರು ಮಾಮನಾ?" ಎಂದಳು. "ಹುಲ್ಲಿನ ಗೊಂಬೆ ಮಾಡಿಕೊಡ್ತಿದ್ದನಲ್ಲ?" ತಾಯಿ ಅವಳ ಮುಖ ನೋಡಲಿಲ್ಲ. ನೇತ್ರಾ ಒಳಗೆ ಹೋಗಿ, ಬಹಳ ಹೊತ್ತಿನ ಮೇಲೆ ಮುಖ ತೊಳೆದುಕೊಂಡು ಬಂದಳು. ತಾಯಿಯ ಮುಂದೆ ಕುಕ್ಕರಗಾಲಲ್ಲಿ ಕೂತಳು.

"ನನ್ನ ಸಲುವಾಗಿ ಬ್ಯಾಡ ಅಂದ್ಯಾ ಅವ್ವ?"

ಹಾಲಮ್ಮ ಎಡಗೈಯಿಂದ ಅವಳ ಕೆನ್ನೆ ಸವರಿ, "ಕಟ್ಟೋನು," ಎಂದರು. ಅದು ಮಗಳಿಗೆ ಹೇಳಿದ ಸಮಾಧಾನದ ಮಾತು, ಅದು ಧಾಟಿಯಲ್ಲೇ ತಿಳಿಯುತ್ತಿತ್ತು.

ರೋಗಿಯ ಖಾಸಗಿ ಬದುಕಿನೊಳಗೆ ಕೈಹಾಕುವುದು ನಮ್ಮ ಕೆಲಸವಲ್ಲ. ಹಾಗಾಗಿ ನಾನು ನೇರವಾಗಿ ಹಾಲಮ್ಮನನ್ನೇ ಕೇಳಿದೆ. ಹೌದು, ಅಲ್ಲ ಎಂಬುದನ್ನು ಅವರು ತಲೆಯಾಡಿಸಿ ಸ್ಪಷ್ಟವಾಗಿ ತಿಳಿಸಬಲ್ಲವರಾಗಿದ್ದರು. "ತಿಪ್ಪೇಸ್ವಾಮಿ ಎಲ್ಲಿದ್ದಾರೆ ಅಂತ ವಿಚಾರಿಸಲಾ?" ಅವರು ಕಣ್ಣು ಮುಚ್ಚಿಕೊಂಡರು. ಆಮೇಲೆ ಹೌದೆಂದು ತಲೆ ಬಾಗಿಸಿದರು. ನೇತ್ರಾಳನ್ನು ನೋಡಿದೆ. "ಹುಡುಕ್ರಿ ಮೇಡಂ," ಎಂದಳು.

ಜಗಳೂರಿನ ಕೇಂದ್ರಕ್ಕೆ ಬಿಳಿಚೋಡು ಕಡೆಯವರು ಬರುತ್ತಲೇ ಇದ್ದರು. ಹಿಂದೆ ಹೊನ್ನಾಳಿ ಸೀಮೆಗೆ ಭತ್ತದ ಕೊಯ್ಲಿಗೆ ಹೋಗುತ್ತಿದ್ದ ತಿಪ್ಪೇಸ್ವಾಮಿ ಯಾರು ಎಂದು ಕೇಳಿದರೆ ಪತ್ತೆಯಾಗಲು ಬಹಳ ದಿನ ಬೇಕಾಗಲಿಲ್ಲ. ಒಂದು ಶನಿವಾರ ಬಿಳಿಚೋಡಿನ ಬಸ್ ನಿಲ್ದಾಣದ ಪಕ್ಕದ ಚಹಾದಂಗಡಿಯಲ್ಲಿ ಅವರು ನನಗಾಗಿ ಕಾದಿದ್ದರು. ಎತ್ತರದ, ಒಣಕಲು ಮೈಯ ಮನುಷ್ಯ, ಹೆಗಲ ಮೇಲೆ ಕಂಬಳಿ. ಮದುವೆಯಾಗಿರಲಿಲ್ಲ. ಅಣ್ಣನ ಮನೆಯಲ್ಲಿದ್ದು ಕುರಿ ಕಾಯುತ್ತಿದ್ದರು.

ಹಾಲಮ್ಮನಿಗೆ ಆದದ್ದನ್ನು ಹೇಳಿದೆ. ಅವರು ಅಂಗಡಿಯ ಕಲ್ಲಿನ ಮೇಲೆ ಕೂತುಬಿಟ್ಟರು.

"ನನ್ನ ಹೆಸರು ಹೇಳ್ತಾಳೇನ್ರಿ?"

"ಹೆಸರು ಹೇಳಲ್ಲ. ಕಟ್ಟೋನು ಅಂತಾರೆ, ಅಷ್ಟೇ."

"ಅದೇ ಅಲ್ರಿ ನನ್ನ ಹೆಸರು," ಎಂದರು ಅವರು. "ಗದ್ದೇಲಿ ನಾಕು ಜನ ಇರ್ತಿದ್ರು. ಹೆಸರಿಡಿದು ಹೆಂಗೆ ಕರೀತಾಳೆ? ಕಟ್ಟೋನು ಹಿಂದೆ ಬಿದ್ದ, ಕಟ್ಟೋನಿಗೆ ನೀರು ಕೊಡ್ರಿ, ಹಿಂಗೇ ಅಂತಿದ್ಲು."

ಯಾಕೆ ಮತ್ತೆ ಹೋಗಲಿಲ್ಲ ಎಂದು ನಾನು ಕೇಳಲೇಬೇಕಾಯಿತು. ಹೋಗಿದ್ದೆ ಎಂದರು. ಮಷಿನ್ ಬಂದ ಮೇಲೆ ಹೊನ್ನಾಳಿಯ ತನಕ ಹೋಗಿ, ಹಾಲಮ್ಮನ ಊರಿನ ರಸ್ತೆಯಲ್ಲಿ ಇಳಿದು, ಗದ್ದೆಯನ್ನು ನೋಡಿ ತಿರುಗಿ ಬಸ್ಸು ಹತ್ತಿದ್ದರಂತೆ. ಒಂದು ಸಲವಲ್ಲ.

"ಕೆಲಸ ಇದ್ದಾಗ ಹೋದ್ರೆ ಯಾರೂ ಏನೂ ಅನ್ನಲ್ಲ. ಕೆಲಸ ಇಲ್ದೆ ಏನಂತ ಹೋಗ್ಲಿ ಮೇಡಂ ಹೆಣ್ಣುಮಗಳು ಇರೋ ಮನೆಗೆ?"

ತಿಪ್ಪೇಸ್ವಾಮಿ ಹಾಲಮ್ಮನ ಮನೆಗೆ ಬಂದ ದಿನ ನಾನೂ ಅಲ್ಲಿದ್ದೆ. ನಾನು ಬರಲೇಬೇಕೆಂದು ನೇತ್ರಾ ಹಟ ಹಿಡಿದಿದ್ದಳು. ತಾಯಿಗೆ ತಲೆ ಬಾಚಿ, ಅಂಚಿನ ಸೀರೆ ಉಡಿಸಿ ಜಗಲಿಯಲ್ಲಿ ಕೂರಿಸಿದ್ದಳು. ತಿಪ್ಪೇಸ್ವಾಮಿ ಬಸ್ಸಿಳಿದು ರಸ್ತೆ ದಾಟಿ ಬಂದು, ಚಪ್ಪಲಿ ಕಳಚಿ, ಮೆಟ್ಟಿಲ ಬಳಿ ನಿಂತರು. ಹಾಲಮ್ಮ ಅವರನ್ನು ಕಾಲಿನಿಂದ ತಲೆಯವರೆಗೆ ನೋಡಿದರು. ಏನೂ ಅನ್ನಲಿಲ್ಲ. ಇದ್ದ ಒಂದು ಮಾತೂ ಹೋಯಿತೇನೋ ಎಂದು ನನಗೆ ಭಯವಾಯಿತು.

"ಬಂದೆ ಕಣೆ," ಎಂದರು ತಿಪ್ಪೇಸ್ವಾಮಿ. "ತಡ ಆತು."

"ಕಟ್ಟೋನು," ಎಂದರು ಹಾಲಮ್ಮ. ತಿಪ್ಪೇಸ್ವಾಮಿ ಪಕ್ಕದಲ್ಲಿ ಕೂತ ಮೇಲೆ ಎಡಗೈಯಿಂದ ಅವರ ಭುಜಕ್ಕೆ ಬಡಿದರು, ಮತ್ತೆ ಬಡಿದರು, ಆಮೇಲೆ ಆ ಕೈಯನ್ನು ಅಲ್ಲಿಯೇ ಇಟ್ಟುಕೊಂಡು ಅತ್ತರು. ತಿಪ್ಪೇಸ್ವಾಮಿ ಪೆಟ್ಟು ತಿನ್ನುತ್ತ ಕೂತಿದ್ದರು. ಅಂದು ನೇತ್ರಾ ಬಡಿಸಿದ ರೊಟ್ಟಿ, ಪಲ್ಯ, ಅನ್ನ ಎಲ್ಲವನ್ನೂ ಹಾಲಮ್ಮ ತಿಂದರು. ನಳಿಗೆಯ ಮಾತು ಆಮೇಲೆ ಬರಲಿಲ್ಲ.

ಸಂಜೆ ತಿಪ್ಪೇಸ್ವಾಮಿ ಹೊರಡುವ ಹೊತ್ತಿಗೆ ನೇತ್ರಾ ಅವರಿಗೆ ಎದುರಾಗಿ ನಿಂತಳು. "ಇಲ್ಲೇ ಇರ್ರಿ ಮಾಮ. ಯಾರು ಏನು ಅಂದ್ರೂ ನಾನು ನೋಡ್ಕಂತೀನಿ."

ಅವರು ಕಂಬಳಿಯನ್ನು ಈ ಹೆಗಲಿಂದ ಆ ಹೆಗಲಿಗೆ ಬದಲಿಸಿಕೊಂಡರು. "ಇರಬೌದಾಗಿತ್ತು ಕಣವ್ವ. ಅಣ್ಣ ಹಾಸಿಗೆ ಹಿಡಿದಾನೆ. ಅವನ್ನ ಎತ್ತಿ ಕೂರಿಸಾಕೆ ನಾನೊಬ್ಬನೇ. ನಿಮ್ಮವ್ವಗೆ ನೀನು ಇದೀಯ, ಅವನಿಗೆ ಯಾರೂ ಇಲ್ಲ. ಬರ್ತಾ ಇರ್ತೀನಿ."

ಹಾಲಮ್ಮ ಇದನ್ನು ಕೇಳಿಸಿಕೊಂಡರು. ಬಸ್ಸು ತಿರುವಿನಲ್ಲಿ ಮರೆಯಾದ ಮೇಲೂ ಒಳಗೆ ಬರಲಿಲ್ಲ.

ಮುಂದಿನ ಗುರುವಾರ ಅವರು ತಾವಾಗಿಯೇ ಕೇಂದ್ರಕ್ಕೆ ಬರಲು ಹಟ ಮಾಡಿದರಂತೆ. ನಾನು ಎಂದಿನಂತೆ ಲೋಟದ ಕಾರ್ಡು ತೆಗೆದೆ. ಹಾಲಮ್ಮ ಅದನ್ನು ಮಗುಚಿಟ್ಟು ನೇತ್ರಾಳ ಚೀಲದತ್ತ ಕೈ ತೋರಿಸಿದರು. ಅದರಲ್ಲಿ ಫೋನಿತ್ತು. ತಿಪ್ಪೇಸ್ವಾಮಿಯ ಅಣ್ಣನ ಮನೆಗೆ ಫೋನು ಹಚ್ಚಿ, ಸ್ಪೀಕರ್ ಹಾಕಿ ಮೇಜಿನ ಮೇಲಿಟ್ಟೆವು. ಆ ಕಡೆಯಿಂದ "ಹಲೋ" ಎಂದು ಅವರ ದನಿ ಬಂತು. ಹಾಲಮ್ಮ ಮುಂದಕ್ಕೆ ಬಾಗಿದರು. ತುಟಿ ಹಲವು ಆಕಾರಕ್ಕೆ ಬಂದು ಹೋಯಿತು. ಹಣೆಯಲ್ಲಿ ಬೆವರೊಡೆಯಿತು. ಮೊದಲಕ್ಷರ ಕೊಡೋಣವೆಂದರೆ ಅವರು ಯಾವ ಪದಕ್ಕೆ ತಡಕಾಡುತ್ತಿದ್ದಾರೆಂಬುದೇ ನನಗೆ ಗೊತ್ತಿರಲಿಲ್ಲ.

"ಯಾ... ಯಾವಾಗ?" ಎಂದರು ಹಾಲಮ್ಮ.

ಫೋನಿನ ಆ ತುದಿಯಿಂದ, "ಅಮಾಸೆ ಕಳೀಲಿ, ಬರ್ತೀನಿ," ಎಂದು ಕೇಳಿತು.

ಹಾಲಮ್ಮನಿಗೆ ಮುಂದೆ ಹಲವು ಮಾತುಗಳು ಬಂದವು. ನೇತ್ರಾಳ ಹೆಸರೂ ಬಂತು, ಅರ್ಧದಷ್ಟು. "ನೇತಾ" ಎನ್ನುತ್ತಿದ್ದರು. ಅದನ್ನು ಕೇಳಿದ ದಿನ ಅವಳು ಶಾಲೆಯ ಮಕ್ಕಳಿಗೆಲ್ಲ ಪಾಯಸ ಮಾಡಿ ಬಡಿಸಿದಳಂತೆ. ತಿಪ್ಪೇಸ್ವಾಮಿ ಆಗಾಗ ಬರುತ್ತಿದ್ದರು, ಸಂಜೆಯ ಬಸ್ಸಿಗೆ ಹೋಗುತ್ತಿದ್ದರು. ಬಿಟ್ಟಿರಬೇಕಾದ ದಿನಗಳೇ ಅವರಿಬ್ಬರ ಪಾಲಿಗೆ ಹೆಚ್ಚು.

ನೀರು, ಊಟ, ನೋವು ಎಂಬ ಕ್ರಮ ತಪ್ಪೆಂದು ನಾನು ಹೇಳುವುದಿಲ್ಲ. ಅದು ಬೇಕೇ ಬೇಕು. ಆದರೆ ಬಾಯಾರಿಕೆಯನ್ನು ಹಾಲಮ್ಮ ಕೈಸನ್ನೆಯಿಂದ ತಿಳಿಸಬಲ್ಲವರಾಗಿದ್ದರು, ಅದಕ್ಕಾಗಿ ಮಾತನ್ನು ಹುಡುಕಿಕೊಂಡು ಹೋಗಲಿಲ್ಲ. ಎದುರಿಗಿಲ್ಲದ ಮನುಷ್ಯನಿಗೆ ಸನ್ನೆ ಕಾಣಿಸುವುದಿಲ್ಲ. ಅಲ್ಲಿಗೆ ಮಾತೇ ಹೋಗಬೇಕು. ಈಗ ಈ ವೃತ್ತಿಗೆ ಹೊಸದಾಗಿ ಬರುವವರು ಸಲಹೆ ಕೇಳಿದರೆ ನಾನು ಹೇಳುವುದು ಇಷ್ಟೇ. ರೋಗಿಗೆ ಯಾವ ಮಾತು ಕಲಿಸಬೇಕೆಂದು ಯೋಚಿಸುವ ಮೊದಲು, ಅವರು ಯಾರೊಂದಿಗೆ ಮಾತಾಡಲು ಹಂಬಲಿಸುತ್ತಿದ್ದಾರೆ ಎಂದು ಕೇಳಿ ತಿಳಿದುಕೊಳ್ಳಿ.