ದೇವದುರ್ಗದ ಅಗಸಿ, ತಾಮ್ರದ ಮೇಲೆ

ಕಳೆದ ಯುಗಾದಿಯ ಮರುದಿನ ನನ್ನ ತಂಗಿ ತನ್ನ ಹೊಸ ಎಚ್ಚಿಂಗ್ ಚಿತ್ರವನ್ನು ಮಾನ್ವಿಯ ಮನೆಗೆ ತಂದಳು. ತಾಮ್ರದ ತಗಡಿನ ಮೇಲೆ ಗೀರಿ, ಆಮ್ಲದಲ್ಲಿ ಅದ್ದಿ, ಕಾಗದಕ್ಕೆ ಅಚ್ಚೊತ್ತಿದ ಚಿತ್ರ ಅದು. ಅವ್ವನ ತವರು ದೇವದುರ್ಗದ ಪಾಳುಬಿದ್ದ ಅಗಸಿ, ಅಂದರೆ ಊರಬಾಗಿಲು, ಮತ್ತು ಪಕ್ಕದ ಬಾವಿ ಅದರಲ್ಲಿದ್ದವು. ಕುಸಿದ ಕಮಾನಿನ ಮೇಲೆ ತಂಗಿ ತನ್ನ ಕಲ್ಪನೆಯದೊಂದು ಮಾಳಿಗೆ ಕಟ್ಟಿದ್ದಳು. ಅವ್ವ ಒಪ್ಪುತ್ತಾಳೋ ಇಲ್ಲವೋ ಎಂಬುದೇ ಅವಳ ಚಿಂತೆ.

ಅವ್ವ ಬಹಳ ಹೊತ್ತು ನೋಡಿದಳು. "ಇದು ನಮ್ಮ ಅಗಸಿ ಅಲ್ಲ ಬಿಡು. ಬಾವಿ ಎಡಕ್ಕ ಅದ. ನೀ ಬಲಕ್ಕ ತೋಡೀಯಲ್ಲ ಬೇ!"

"ಅಚ್ಚಿನಾಗ ಎಡ ಬಲ ಆಗ್ತದ ಯವ್ವಾ."

"ಹಂಗಾರ ನೀ ಮೊದಲ ತಿರುವಿ ಗೀರು."

ಮಾಳಿಗೆಯ ಬಗ್ಗೆ ಅವಳು ಏನೂ ಅನ್ನಲಿಲ್ಲ.

ತಂಗಿ ಅಗಸಿಯ ಮೂಲ ರೇಖಾಚಿತ್ರವನ್ನು ಕನ್ನಡಿಯಲ್ಲಿ ನೋಡಿಕೊಂಡು ಹೊಸ ತಗಡು ಗೀರಿದಳು. ಅದರ ಅಚ್ಚು ಇಟ್ಟಿದ್ದ ರಾಯಚೂರಿನ ಚಿತ್ರಪ್ರದರ್ಶನಕ್ಕೆ ಅವ್ವನನ್ನು ನಾನೇ ಕರೆದೊಯ್ದೆ. ಚಿತ್ರದ ಮುಂದೆ ನಿಂತಿದ್ದ ಹಿರಿಯರೊಬ್ಬರು, "ನಾನೂ ದೇವದುರ್ಗದಾಂವ. ಈ ಮಾಳಿಗಿ ಎಲ್ಲದ ರೀ?" ಎಂದರು.

ತಂಗಿ ಬಾಯಿ ತೆರೆಯುವ ಮೊದಲೇ ಅವ್ವ ಸೆರಗು ಸರಿಮಾಡಿಕೊಂಡು ಹೇಳಿದಳು: "ನಮ್ಮ ಅಗಸಿಗೆ ಇರಬೇಕಾಗಿತ್ತು ರೀ. ಯಾರೂ ಕಟ್ಟಲಿಲ್ಲ, ನನ್ನ ಮಗಳು ಕಟ್ಯಾಳ."

ಆ ಚಿತ್ರ ಈಗ ಮಾನ್ವಿ ಮನೆಯ ಪಡಸಾಲೆಯ ಗೋಡೆಯ ಮೇಲಿದೆ.