ಅತಿಥಿಯನ್ನು ಗಡಿ ಮುಟ್ಟಿಸಿದ ದ್ರಾನೆಯವರು

ಸಣ್ಣ ದೇಶವೊಂದು ದೊಡ್ಡ ದೇಶದ ಕೈ ಹಿಡಿದು ನಡೆಯುವಾಗ ನಡುವೆ ಮಾತು ಹೊರುವವರ ಹೆಸರು ಯಾವ ಒಪ್ಪಂದದ ಕೆಳಗೂ ಇರುವುದಿಲ್ಲ. ಅಲ್ಬೇನಿಯಾ ಮತ್ತು ಚೀನಾದ ನಡುವೆ ಆ ಹೊರೆಯನ್ನು ಹೊತ್ತು, ಈ ವಸಂತದಲ್ಲಿ ನಿವೃತ್ತರಾಗುತ್ತಿರುವ ಶ್ರೀಮತಿ ದ್ರಾನೆ ಮರ್ಕಾಯ್ ಅವರು ನಮ್ಮ ವಿದೇಶಾಂಗ ಇಲಾಖೆಯ ದುಭಾಷಿಗಳಲ್ಲೆಲ್ಲ ಹಿರಿಯರು.

ಪುಕಾದ ಬೆಟ್ಟದ ಈ ಮಗಳು ಪೀಕಿಂಗಿನಲ್ಲಿ ಓದಿ ಬಂದು, ದ್ರಿನ್ ನದಿಯ ಅಣೆಕಟ್ಟೆಯಲ್ಲಿ ಚೀನೀ ಎಂಜಿನಿಯರ್ ಶೆನ್ ಅವರಿಗೆ ಕಿವಿಯೂ ನಾಲಿಗೆಯೂ ಆದರು. ಶೆನ್ ಒಮ್ಮೆ ಅವರ ಮನೆಯಲ್ಲಿ ಜೋಳದ ರೊಟ್ಟಿ ಉಂಡಿದ್ದರು. ಮನೆ ದೇವರದು ಮತ್ತು ಅತಿಥಿಯದು ಎನ್ನುವ ಜನ ನಾವು. ಉಣ್ಣಿಸಿದವರು ಅತಿಥಿಯನ್ನು ಗಡಿಯವರೆಗೆ ನಡೆಸಿ ಬರಬೇಕು.

೧೯೭೮ರ ಬೇಸಗೆಯಲ್ಲಿ ಎರಡು ದೇಶಗಳ ಸ್ನೇಹ ಮುರಿಯಿತು. ಚೀನೀ ತಜ್ಞರನ್ನು ಯಾರೂ ಬೀಳ್ಕೊಡಕೂಡದೆಂದು ಅಪ್ಪಣೆಯಾಯಿತು.

“ಅವರ ಕೈ ಕುಲುಕಿದ ಕೈಗೆ ನಾಳೆ ಗಣಿಯ ಸನಿಕೆ ಕೊಡ್ತೀವಿ, ಕಾಮ್ರೇಡ್ ದ್ರಾನೆ,” ಎಂದರು ಮೇಲಧಿಕಾರಿ.

ಮನೆಯಲ್ಲಿ ತಂದೆ ಪ್ರೆಂಡ್ ಕಾಲಿನ ಸ್ವಾಧೀನ ತಪ್ಪಿ ಹಾಸಿಗೆಯಲ್ಲಿದ್ದರು. “ನಮ್ಮ ರೊಟ್ಟಿ ತಿಂದೋನು ಒಂಟಿಯಾಗಿ ಹೋದ್ರೆ, ಊರೋರು ನನಗೆ ಕಾಫೀನ ಮೊಣಕಾಲಡಿಯಿಂದ ತೂರಿಸ್ತಾರೆ ಕಣವ್ವ. ಮಾನಗೆಟ್ಟೋನಿಗೆ ಹಾಗೇ ಅಲ್ವಾ ಕೊಡೋದು?”

“ಆ ಕಟ್ಟಳೆ ಗಂಡಸರಿಗಪ್ಪ.”

“ಮತ್ತೆ ರೊಟ್ಟಿ ತಟ್ಟಿದ್ದು ಯಾರು?”

ದ್ರಾನೆಯವರು ಹೋದರು. ವಿಮಾನ ನಿಲ್ದಾಣದ ಬಿಸಿಲಲ್ಲಿ ಶೆನ್ ಅವರ ಪಕ್ಕದಲ್ಲಿ ನಡೆದರು.

“ಹಿಂದಕ್ಕೆ ಹೋಗು ತಂಗೀ. ಫೋಟೋ ತೆಗೀತಿದಾರೆ.”

“ಗಡಿ ಇನ್ನೂ ಬಂದಿಲ್ಲಣ್ಣ.”

ಶೆನ್ ತಮ್ಮ ಎರಡು ಪೆಟ್ಟಿಗೆಗಳನ್ನೂ ಎರಡು ಕೈಗಳಲ್ಲಿ ಎತ್ತಿಕೊಂಡರು. ಆಕೆ ಕೈ ಕುಲುಕಿದಳೆಂದು ಯಾರೂ ಹೇಳದಿರಲೆಂದು. ವಿಮಾನದ ಮೆಟ್ಟಿಲ ಬಳಿ ತಲೆ ಬಾಗಿಸಿದರು, ಅಷ್ಟೆ.

ಆದರೂ ಸನಿಕೆ ಬಂತು. ಬುಲ್ಕಿಜದ ಗಣಿಯಲ್ಲಿ ಅದಿರು ಬಾಚುತ್ತ ದ್ರಾನೆಯವರ ಯೌವನ ಕಳೆಯಿತು. ಜೊತೆಯಲ್ಲೇ ಅಟ್ಟಿದ್ದ ತಂದೆ ಅಲ್ಲಿಯೇ ತೀರಿಕೊಂಡರು. ಕೊನೆಯವರೆಗೂ ನೆರೆಯವರು ಅವರಿಗೆ ಕಾಫಿಯನ್ನು ಕೈಗೇ ಕೊಟ್ಟರು. ಆಳ್ವಿಕೆ ಬದಲಾದ ಮೇಲೆ ಚೀನೀ ಬಲ್ಲವರು ಬೇಕಾಗಿ ಇಲಾಖೆ ಅವರನ್ನು ಮರಳಿ ಕರೆಯಿತು.

ಮುಂದೊಂದು ಔತಣದಲ್ಲಿ, ಸನಿಕೆಯ ಮಾತಾಡಿದ್ದ ಅದೇ ಅಧಿಕಾರಿ ಲೋಟವೆತ್ತಿ, “ನಮ್ಮ ಎರಡು ದೇಶಗಳ ಸ್ನೇಹಕ್ಕೆ ಎಂದೂ ಭಂಗ ಬಂದಿಲ್ಲ,” ಎಂದರು. ದ್ರಾನೆಯವರು ಒಂದಕ್ಷರ ತಪ್ಪದೆ ಅದನ್ನು ಚೀನೀ ಭಾಷೆಯಲ್ಲಿ ಹೇಳಿದರು. ಚಪ್ಪಾಳೆ ಮುಗಿದಾಗ ಪಕ್ಕದ ಚೀನೀ ಅತಿಥಿಯಲ್ಲಿ ಶೆನ್ ಅವರ ಕ್ಷೇಮ ವಿಚಾರಿಸಿದರು. ಅವರು ತೀರಿಹೋಗಿದ್ದರು. ಎಲ್ಲರೂ ಬೆನ್ನು ತೋರಿಸಿದ ದಿನ ಇವನೊಬ್ಬನನ್ನೇಕೆ ಬೀಳ್ಕೊಟ್ಟರು, ಯಾವ ಗುಟ್ಟು ಮಾರಿ ಬಂದ ಎಂದು ಅವರ ದೇಶದವರೇ ಶಂಕಿಸಿದ್ದರಂತೆ. ಮತ್ತೆ ಅಣೆಕಟ್ಟೆ ಕಟ್ಟಲು ಬಿಡಲಿಲ್ಲ. ಮಗಳು ಇಂದಿಗೂ ಆ ಕಳಂಕ ಹೊತ್ತಿದ್ದಾಳಂತೆ.

“ಕಾಪಾಡೋಕೆ ಅಂತ ಹೋದೆ, ನಾನೇ ಗುರುತು ಹಾಕಿ ಕಳಿಸಿದ ಹಾಗಾಯ್ತಲ್ಲ,” ಎಂದು ದ್ರಾನೆಯವರು ನಮ್ಮೆದುರು ನುಡಿದದ್ದು ಅದೊಂದೇ ಸಲ.

ನಿವೃತ್ತಿಗೆ ಮುನ್ನ ದ್ರಾನೆಯವರು ಇಲಾಖೆಯನ್ನು ಕೇಳಿದ್ದು ಒಂದೇ: ಶೆನ್ ನಮಗೆ ದುಡಿಮೆಯಲ್ಲದೆ ಬೇರೇನನ್ನೂ ಕೊಟ್ಟಿಲ್ಲವೆಂದು ಅವರ ಮಗಳಿಗೆ ಎರಡು ಸಾಲು ಬರೆಯಿರಿ. ಹಳೆಯದನ್ನು ಕೆದಕಿದರೆ ಸ್ನೇಹಕ್ಕೆ ಧಕ್ಕೆಯಂತೆ, ಪರಿಶೀಲಿಸುತ್ತಿದ್ದಾರೆ. ಹೂಗುಚ್ಛ ಮಾತ್ರ ತಡವಿಲ್ಲದೆ ಬಂದಿದೆ.

ಆ ಎರಡು ಸಾಲುಗಳನ್ನು ತಾವೇ ಚೀನೀ ಭಾಷೆಗೆ ತಿರುಗಿಸುವಷ್ಟು ಕಣ್ಣಬೆಳಕನ್ನೂ ಅಲ್ಲಿಯವರೆಗಿನ ಆಯುಸ್ಸನ್ನೂ ದೇವರು ದ್ರಾನೆಯವರಿಗೆ ಕರುಣಿಸಲಿ. ನಮ್ಮ ಇಲಾಖೆಯ ನಡಿಗೆಯನ್ನು ಬಲ್ಲವರಿಗೆ ಗೊತ್ತು, ಇದಕ್ಕಿಂತ ದೀರ್ಘವಾದ ಆಯುಸ್ಸನ್ನು ಯಾರೂ ಯಾರಿಗೂ ಹಾರೈಸಲಾರರು.