ಬಳಸುವವರ ಅಭಿಪ್ರಾಯ

ನಾಳೆಯ ಕೆಲಸವನ್ನು ಇಂದೇ ಮುಗಿಸಿಡುವುದು ನನ್ನ ಹಳೆಯ ಅಭ್ಯಾಸ. ಚೆಂಬೂರಿನ ಕಾರ್ಖಾನೆಯ ತಪಾಸಣೆ ವಿಭಾಗದಲ್ಲಿದ್ದಷ್ಟು ಕಾಲವೂ ಅದಕ್ಕಾಗಿ ಹೊಗಳಿಸಿಕೊಂಡೆ. ನಿವೃತ್ತನಾದ ಮೇಲೆ ಅದೇ ಅಭ್ಯಾಸ ನನ್ನಿಂದ ಒಂದು ಕೆಟ್ಟ ಕೆಲಸ ಮಾಡಿಸಿತು.

ರೈಲು ಹಳಿಯ ಪಕ್ಕದ ಪಟ್ಟಿ ನೆಲದಲ್ಲಿ ಪಾಲಕ್, ಮೆಂತ್ಯ ಬೆಳೆಯುವವರಿಗಾಗಿ ನಮ್ಮ ಕಾಲೊನಿಯ ಮೂಳೆ ಡಾಕ್ಟರೊಬ್ಬರು ಒಂದು ಗುಂಪು ಕಟ್ಟಿದ್ದರು. ಎರಡೂ ಕೈಯಲ್ಲಿ ನೀರು ತುಂಬಿದ ತಗಡಿನ ಝಾರಿ ಹಿಡಿದು ಗಿಡಗಳಿಗೆ ಹನಿಸಿ ಹನಿಸಿ ಬೆಳೆಯುವವರ ಭುಜಗಳು ಹಾಳಾಗುತ್ತಿದ್ದವು. ಎಂಜಿನಿಯರಿಂಗ್ ವಿದ್ಯಾರ್ಥಿಗಳು ತಳ್ಳಿಕೊಂಡು ಹೋಗುತ್ತ ಪೈಪಿನಿಂದ ನೀರು ಬಿಡುವಂಥ, ಒಂದೇ ಚಕ್ರದ ನೀರುಗಾಡಿ ಮಾಡಿಕೊಟ್ಟರು. ಡಾಕ್ಟರರದು ಒಂದೇ ಷರತ್ತು: ಬೆಳೆಯುವವರೇ ಒಂದು ವಾರ ಬಳಸಬೇಕು, ಅವರು ಹೇಳಿದಂತೆ ತಿದ್ದಬೇಕು, ಆಮೇಲೆಯೇ ಉಳಿದ ಗಾಡಿಗಳು. ಅವರ ಮಾತನ್ನು ಬರೆದುಕೊಳ್ಳುವುದು ನನ್ನ ಕೆಲಸ.

ಮೊದಲ ಗಾಡಿ ಹೋದದ್ದು ಕಲಬುರಗಿ ಕಡೆಯ ಹೆಂಗಸೊಬ್ಬಳಿಗೆ. ಎಡಭುಜದ ನೋವಿನಿಂದ ಅವಳು ಬಹಳ ಸೊರಗಿದ್ದಳು. ವಾರ ಕಳೆಯಿತು. ಅವಳನ್ನು ಕಾಣಲು ಹೋಗುವ ಹಿಂದಿನ ಸಂಜೆಯೇ ಫಾರಂ ತುಂಬಲು ಕುಳಿತೆ. ಹೆಸರು, ವಯಸ್ಸು ಬರೆದು ನಿಲ್ಲಿಸಬಹುದಿತ್ತು. ಖಾಲಿ ಜಾಗ ಕಂಡರೆ ನನಗಾಗದು. 'ಬಳಸುವವರ ಅಭಿಪ್ರಾಯ' ಎಂಬಲ್ಲಿ 'ಅನುಕೂಲವಾಗಿದೆ, ಬದಲಾವಣೆ ಬೇಡ' ಎಂದು ದುಂಡಗೆ ಬರೆದೆ. ನಾನೇ ಬಿಲ್ಡಿಂಗಿನ ಅಂಗಳದಲ್ಲಿ ತಳ್ಳಿ ನೋಡಿದ್ದೆನಲ್ಲ!

ಬೆಳಿಗ್ಗೆ ಏಳಕ್ಕೆ ಸರಿಯಾಗಿ ಅಲ್ಲಿದ್ದೆ.

"ಬರ್ರಿ ಕಾಕಾರ. ಗಾಡಿ ಚಲೋ ಅದರಿ. ಆದ್ರ ಈ ಪೈಪು..."

"ಮೊದಲು ಇಲ್ಲಿ ಹೆಬ್ಬೆಟ್ಟು ಒತ್ತಮ್ಮ. ಏಳೂವರೆಗೆ ಇನ್ನೊಂದು ಕಡೆ ಹೋಗ್ಬೇಕು."

"ಏನ್ ಬರ್ದೀರಿ ಇದ್ರಾಗ?"

"ಗಾಡಿ ಚೆನ್ನಾಗಿದೆ ಅಂತ."

"ನಾ ಹೇಳೂದ್ರೊಳಗ ಬರ್ದಾಯ್ತೇನು? ಭಾಳ ಫಾಸ್ಟ್ ಅದೀರಿ ಬಿಡ್ರಿ!" ಎಂದು ನಕ್ಕು ಒತ್ತಿದಳು. ನಾನೂ ನಕ್ಕೆ.

ಗುಂಪಿನ ಸಭೆಯಲ್ಲಿ ನನ್ನ ಫೈಲಿನ ಅಚ್ಚುಕಟ್ಟನ್ನು ಎಲ್ಲರೂ ಮೆಚ್ಚಿದರು. ಇನ್ನೂ ಹತ್ತು ಗಾಡಿಗಳು ಹಾಗೆಯೇ ತಯಾರಾದವು.

ಎರಡು ತಿಂಗಳ ಮೇಲೆ ಅತ್ತ ಹೋದೆ. ಅವಳ ಗಾಡಿ ಮಗುಚಿ ಬಿದ್ದಿತ್ತು, ಅದರ ಮೇಲೆ ಸೀರೆ ಒಣಗುತ್ತಿತ್ತು. ಅವಳು ಬಲಗೈಯಲ್ಲಿ ಒಂದೇ ಝಾರಿ ಹಿಡಿದು ವಾಲಿಕೊಂಡು ನಡೆಯುತ್ತಿದ್ದಳು. ಏನಾಯಿತೆಂದು ಕೇಳಿದೆ.

"ಪೈಪು ಎಡಕ್ಕದರಿ, ಗಿಡ್ಡ ಬ್ಯಾರೆ. ಸಾಲು ಮುಗಿಯೂತನಾ ಎಡಗೈ ಎತ್ತಿ ಹಿಡೀಬೇಕು. ನೋವಿದ್ದದ್ದೂ ಅದೇ ಕೈಗಿ. ಹದಿನೈದು ದಿನಕ್ಕ ಕೈನೇ ಏಳ್ಲಿಲ್ಲ."

"ಮೊದಲೇ ಹೇಳಬಾರದಿತ್ತೇನಮ್ಮ?" ಎಂದೆ. ಮಾತು ಬಾಯಿಂದ ಹೊರಟಾಗಲೇ ಕಿವಿ ಬಿಸಿಯಾಯಿತು.

"ಹೇಳ್ಲಾಕತ್ತಿದ್ನಲ್ರಿ. ನೀವು ಗಡಿಯಾರ ನೋಡಿದ್ರಿ."

ಮುಂದಿನ ಸಭೆಯಲ್ಲಿ ಎದ್ದುನಿಂತು, ಆ ಅಭಿಪ್ರಾಯ ಅವಳದಲ್ಲ, ಹಿಂದಿನ ಸಂಜೆ ನಾನೇ ಬರೆದದ್ದು ಎಂದು ಹೇಳಿದೆ. ಯಾರೂ ಬೈಯಲಿಲ್ಲ; ವಯಸ್ಸಾದವನೆಂದು ಬಿಟ್ಟರು. ಅದು ಇನ್ನೂ ಚುಚ್ಚಿತು. ವಿದ್ಯಾರ್ಥಿಗಳು ಒಂದೇ ಮಧ್ಯಾಹ್ನದಲ್ಲಿ ಅವಳ ಗಾಡಿಯ ಪೈಪನ್ನು ಬಲಕ್ಕೆ ತಿರುಗಿಸಿ ಉದ್ದ ಮಾಡಿದರು. ಅಷ್ಟೇ ಕೆಲಸ.

ಗಾಡಿ ಮುಟ್ಟಿಸಲು ನಾನೇ ಹೋದೆ. ಅವಳು ಬಾಗಿಲಲ್ಲಿ ಕುಳಿತಿದ್ದಳು. ಎಡಗೈ ತಲೆಯವರೆಗೆ ಏಳದ್ದರಿಂದ ಮಗಳು ಜಡೆ ಹೆಣೆಯುತ್ತಿದ್ದಳು. ಹೆಣೆದು ಮುಗಿಯುವವರೆಗೆ ಗಾಡಿ ಹಿಡಿದುಕೊಂಡು ಹೊರಗೇ ನಿಂತಿದ್ದೆ.